ಸೊಳ್ಳೆಪರದೆಯೊಳಗಿನ ಸಾಬ್ರು

ಬಂದೂಕು ರಿಪೇರಿ ಮಾಡುವ ಮನುಷ್ಯನಿಗೆ ಬಂದೂಕಿನ ಸದ್ದು ಕೇಳಿದರೆ ಜೀವಭಯ ಅಂದರೆ ನೀವು ನಂಬುತ್ತೀರಾ? ನಾನೂ ಮೊದಲು ನಂಬಿರಲಿಲ್ಲ. ಆದರೆ ನಮ್ಮ ಮನೆಯ ರೈಫಲ್ಲನ್ನು ವರ್ಷಕ್ಕೊಮ್ಮೆ ಬಿಚ್ಚಿ, ಒರೆಸಿ, ಎಣ್ಣೆ ಹಾಕಿ, ಮತ್ತೆ ಜೋಡಿಸಿ ಕೊಡುತ್ತಿದ್ದ ತಿಪಟೂರಿನ ಸಾಬ್ರು, ನಮ್ಮಪ್ಪ ಪರೀಕ್ಷೆಗೆಂದು ಅದನ್ನು ಹಿತ್ತಲಿಗೆ ಒಯ್ದ ಕೂಡಲೇ ಕಾಣೆಯಾಗುತ್ತಿದ್ದರು. ಹುಡುಕಿಕೊಂಡು ಹೋದರೆ ನಡುಮನೆಯಲ್ಲಿ ರಾಗಿ ತುಂಬಿಡುವ ಆಳೆತ್ತರದ ಮಣ್ಣಿನ ವಾಡೆಯ ಹಿಂದೆ, ಎರಡೂ ಕಿವಿಗೆ ಬೆರಳಿಟ್ಟು, ಕಣ್ಣು ಮುಚ್ಚಿ ಕೂತಿರುತ್ತಿದ್ದರು.

"ಆಯ್ತಾ ಮೇಷ್ಟ್ರೇ?" ಅಂತ ಕಣ್ಣು ಬಿಡದೆಯೇ ನನ್ನನ್ನು ಕೇಳುತ್ತಿದ್ದರು.

"ಆಯ್ತು ಬನ್ನಿ ಸಾಬ್ರೇ."

"ಪೂರ್ತಿ ಆಯ್ತಾ, ಇನ್ನೊಂದು ಐತಾ? ನಿಮ್ಮಪ್ಪಾರ ಕೈ ನಂಬಂಗಿಲ್ಲ."

ಅವರಿಗೊಂದು ಹೆಸರಿತ್ತು, ಇಲ್ಲವೆನ್ನುವುದಿಲ್ಲ. ಆದರೆ ನಮ್ಮ ಕಡೆಯ ಹತ್ತೂರಿನಲ್ಲಿ ಯಾರೂ ಆ ಹೆಸರು ಹಿಡಿದು ಕರೆದದ್ದನ್ನು ನಾನು ಕೇಳಿಲ್ಲ. ಸಾಬ್ರು ಅಂದರೆ ಅವರೇ. ಹೊಲಿಗೆ ಮಿಷನ್ನು ನಿಂತರೆ ಸಾಬ್ರು, ಮದುವೆಮನೆಯ ಪೆಟ್ರೊಮ್ಯಾಕ್ಸು ಭುಸುಗುಟ್ಟಿದರೆ ಸಾಬ್ರು, ಗೋಡೆ ಗಡಿಯಾರ ಹಿಂದಕ್ಕೆ ಓಡಿದರೆ ಸಾಬ್ರು. ಬಂದೂಕು ರಿಪೇರಿಗೆ ಸರ್ಕಾರ ಕೊಟ್ಟ ಪರವಾನಗಿಯನ್ನು ಗಾಜು ಹಾಕಿಸಿ ಅಂಗಡಿಯ ಗೋಡೆಗೆ ನೇತುಹಾಕಿದ್ದರು. ಆ ಚೌಕಟ್ಟಿಗೆ ದಿನಾ ಬೆಳಿಗ್ಗೆ ಬಟ್ಟೆ ಹಿಡಿದು ಒರೆಸುವುದು ನೋಡಿದರೆ, ಒಳಗಿರುವುದು ಹಿರಿಯರ ಫೋಟೋ ಇರಬೇಕು ಅಂತಲೇ ಹೊಸಬರು ಕೈ ಮುಗಿಯುತ್ತಿದ್ದರು.

ನಮ್ಮ ಊರು ಬಿಳಿಗೆರೆಯ ಪಕ್ಕ. ತಾತ ಯಾವ ಕಾಲದಲ್ಲೋ ಕೊಂಡ ಒಂದು ಸಣ್ಣ ರೈಫಲ್ಲು ನಮ್ಮಪ್ಪನ ಪಾಲಿಗೆ ಬಂದಿತ್ತು. ಲೈಸೆನ್ಸ್ ಪುಸ್ತಕದಲ್ಲಿ "ಬೆಳೆ ರಕ್ಷಣೆಗಾಗಿ" ಅಂತ ಬರೆದಿತ್ತು. ರಕ್ಷಣೆಯ ಕತೆ ಕೇಳಬೇಡಿ. ತೋಟಕ್ಕೆ ಕೋತಿ ಹಿಂಡು ನುಗ್ಗಿ ಎಳನೀರು ಕಿತ್ತು ಬಿಸಾಡುತ್ತಿದ್ದರೆ ಅಪ್ಪ ಆಕಾಶಕ್ಕೆ ಒಂದು ಗುಂಡು ಹಾರಿಸುತ್ತಿದ್ದರು. ಮೊದಲ ವರ್ಷ ಕೋತಿಗಳು ಓಡಿದವು. ಎರಡನೇ ವರ್ಷ ಪಕ್ಕದ ಮರಕ್ಕೆ ಹಾರಿದವು. ಆಮೇಲಾಮೇಲೆ ಅಪ್ಪ ರೈಫಲ್ಲು ಹೊರಗೆ ತಂದರೆ ಮರಿಗಳನ್ನು ಕಟ್ಟಿಕೊಂಡು ನೋಡಲು ಬಂದು ಕೂರುತ್ತಿದ್ದವು. ಆದರೂ ಆ ರೈಫಲ್ಲಿನ ಬಗ್ಗೆ ಅಪ್ಪನಿಗಿದ್ದ ಜಂಬ ಅಷ್ಟಿಷ್ಟಲ್ಲ. ಅದು ಲೈಸೆನ್ಸ್ ಪುಸ್ತಕದ ಜೊತೆಯಲ್ಲದೆ ಹೊಸಿಲು ದಾಟುವಂತಿರಲಿಲ್ಲ, ಆ ಪುಸ್ತಕವನ್ನು ಅಪ್ಪ ಯಾರ ಕೈಗೂ ಕೊಡುತ್ತಿರಲಿಲ್ಲ. ಅದಕ್ಕೇ ರಿಪೇರಿಯವರೇ ಮನೆಗೆ ಬರಬೇಕಾಗಿತ್ತು.

ಸಾಬ್ರು ಬರುತ್ತಿದ್ದುದು ಪ್ರತಿ ವರ್ಷ ಆಯುಧಪೂಜೆಯ ಹಿಂದಿನ ದಿನ. ಬೆಳಗಿನ ಬಸ್ಸಿಳಿದು, ಕಂಕುಳಲ್ಲಿ ತಗಡಿನ ಪೆಟ್ಟಿಗೆ ಇರುಕಿಕೊಂಡು ಬಂದವರೇ ಮೊದಲು ಕೇಳುತ್ತಿದ್ದುದು ಕಾಫಿಯಲ್ಲ, ಸೊಳ್ಳೆಪರದೆ.

ಹೌದು, ಸೊಳ್ಳೆಪರದೆ. ಹಗಲು ಹತ್ತು ಗಂಟೆಗೆ ಪಡಸಾಲೆಯ ನಾಲ್ಕು ಕಂಬಕ್ಕೆ ಪರದೆ ಕಟ್ಟಿಸಿ, ಅಂಚನ್ನು ಚಾಪೆಯ ಕೆಳಗೆ ಸಿಕ್ಕಿಸಿ, ಒಳಗೆ ಬಿಳೀ ಪಂಚೆ ಹಾಸಿ, ಅದರ ಮೇಲೆ ರೈಫಲ್ಲನ್ನು ಮಲಗಿಸಿಕೊಂಡು ಕೂರುತ್ತಿದ್ದರು. ಮೊದಲ ಸಲ ನೋಡಿದಾಗ ನಾನು ನಕ್ಕುಬಿಟ್ಟೆ.

"ನಗ್ರಿ ಮೇಷ್ಟ್ರೇ, ನಗ್ರಿ," ಅಂದರು. "ಬಂದೂಕಲ್ಲಿ ದೊಡ್ಡದ್ಯಾವುದೂ ಕಳೆಯಲ್ಲ. ನಳಿಗೆ ಕಳ್ಕೊಂಡೆ ಅಂತ ಯಾರಾದ್ರೂ ಅತ್ತಿದ್ದು ಕೇಳಿದೀರಾ? ಕಳೆಯೋದು ಪಿನ್ನು. ಒಂದು ಪಿನ್ನಿನ ಹಿಂದೆ ಒಂದು ಸ್ಪ್ರಿಂಗು ಕಾಯ್ಕೊಂಡು ಕೂತಿರ್ತದೆ, ಯಾವಾಗ ಬಾಗ್ಲು ತೆಗೀತಾರೆ ಅಂತ. ತೆಗೆದ್ರೋ, ಪಿನ್ನು ಒಂದು ಊರು, ಸ್ಪ್ರಿಂಗು ಒಂದು ಊರು. ಪರದೆಯೊಳಗಾದ್ರೆ ಹಾರಿದ್ರೂ ಮನೆ ಬಿಟ್ಟು ಹೋಗಲ್ಲ."

ಪಿನ್ನು ತೆಗೆಯುವುದನ್ನು ನೋಡಲು ಪರದೆಯ ಹೊರಗೆ ನಾನು ಸ್ಟೂಲ್ ಹಾಕಿಕೊಂಡು ಕೂರುತ್ತಿದ್ದೆ. ನನಗಾಗ ಇಪ್ಪತ್ತಾರು, ಪಕ್ಕದೂರಿನ ಸ್ಕೂಲಿನಲ್ಲಿ ಲೆಕ್ಕದ ಮೇಷ್ಟ್ರಾಗಿದ್ದೆ, ದಸರಾ ರಜೆಯಲ್ಲಿ ಬೇರೆ ಕೆಲಸವಿರಲಿಲ್ಲ. ಹಿತ್ತಾಳೆಯ ಸಣ್ಣ ಕಡ್ಡಿಯೊಂದನ್ನು ಪಿನ್ನಿನ ತಲೆಯ ಮೇಲಿಟ್ಟು, ಅಂಗೈಯಷ್ಟು ಸುತ್ತಿಗೆಯಿಂದ ಟಿಕ್ ಟಿಕ್ ಎಂದು ಬಡಿಯುವರು. ಜೋರಾಗಿ ಹೊಡೆದದ್ದನ್ನು ನಾನು ಕಂಡೇ ಇಲ್ಲ. ಹೊರಡದಿದ್ದರೆ ಒಂದು ತೊಟ್ಟು ಎಣ್ಣೆ ಬಿಟ್ಟು, ವೀಳ್ಯದೆಲೆ ಹಾಕಿಕೊಂಡು, ಬೇರೆ ಮಾತಾಡುತ್ತ ಕೂರುವರು. "ಎಳೀಬಾರ್ದು. ಅದಕ್ಕೇ ಹೋಗ್ಬೇಕು ಅನ್ನಿಸ್ಬೇಕು," ಎನ್ನುವರು. ಬಲಗಡೆಯಿಂದ ಬಂದ ಪಿನ್ನು ಬಲಗಡೆಯಿಂದಲೇ ಒಳಗೆ ಹೋಗಬೇಕು, ತಲೆ ಯಾವುದು ಕಾಲು ಯಾವುದು ಅನ್ನುವುದು ತಪ್ಪಬಾರದು. ತಪ್ಪಿದರೆ ಇಪ್ಪತ್ತು ವರ್ಷ ಸವೆದು ಒಗ್ಗಿಕೊಂಡ ತೂತು ಮುನಿಸಿಕೊಳ್ಳುತ್ತದೆ. ಅಪ್ಪ ಒಂದು ಸಲ, "ಕೊಬ್ಬರಿ ಎಣ್ಣೆ ಹಾಕಿ ಸಾಬ್ರೇ, ನಮ್ಮ ಗಾಣದ್ದೇ ಐತೆ," ಅಂತ ಚೊಂಬಿನ ತುಂಬ ತಂದಿಟ್ಟಿದ್ದರು. ಸಾಬ್ರು ಚೊಂಬನ್ನು ಎತ್ತಿ ತಲೆಗೆ ಅಷ್ಟು ತಟ್ಟಿಕೊಂಡು, "ಇದು ತಲೆಗೆ ಗೌಡ್ರೇ. ಬಂದೂಕಿಗೆ ಮಿಷನ್ ಎಣ್ಣೆ," ಅಂದು ಪೆಟ್ಟಿಗೆಯಿಂದ ತಮ್ಮ ಶೀಶೆ ತೆಗೆದರು.

ತೆಗೆದ ಪಿನ್ನುಗಳನ್ನು ಇಡುವುದರಲ್ಲೇ ಅವರ ಕಸುಬಿನ ಗುಟ್ಟು ಇದ್ದದ್ದು. ತಟ್ಟೆ, ಡಬ್ಬಿ ಯಾವುದೂ ಆಗದು. ಒಂದು ಕೊಬ್ಬರಿ ಗಿಟುಕು ಬೇಕು, ಅಂದರೆ ಒಣಕೊಬ್ಬರಿಯ ಅರ್ಧ ಹೋಳು. ಅದರ ತಿರುಳಿಗೆ ಪಿನ್ನುಗಳನ್ನು ಬಿಚ್ಚಿದ ಕ್ರಮದಲ್ಲೇ ಸುತ್ತಲೂ ಚುಚ್ಚಿಕೊಂಡು ಹೋಗುವರು. ಉರುಳುವುದಿಲ್ಲ, ಕ್ರಮ ತಪ್ಪುವುದಿಲ್ಲ, ಕೊಬ್ಬರಿಯ ಜಿಡ್ಡಿಗೆ ತುಕ್ಕೂ ಹಿಡಿಯುವುದಿಲ್ಲ. ಎಲ್ಲಕ್ಕಿಂತ ಸಣ್ಣದು ಕುದುರೆಯ ಪಿನ್ನು, ಬೆರಳಿನಿಂದ ಎಳೆಯುವ ಕುದುರೆಯನ್ನು ಹಿಡಿದು ನಿಲ್ಲಿಸುವಂಥದು. ಅದು ಒಂದು ಭತ್ತದ ಕಾಳಿಗಿಂತ ದೊಡ್ಡದಿರಲಿಲ್ಲ. ಅದಕ್ಕೆ ಬೇರೆಯದೇ ಗಿಟುಕು, ತಲೆ ಮಟ್ಟಕ್ಕೆ ಒತ್ತಿಬಿಟ್ಟರೆ ಸಾಸಿವೆಯಷ್ಟು ಕರೀ ಚುಕ್ಕೆ ಕಾಣುತ್ತಿತ್ತು, ಅಷ್ಟೆ.

"ಮೂವತ್ತು ವರ್ಷ ಆಯ್ತು ಮೇಷ್ಟ್ರೇ, ಈ ಕೈಯಿಂದ ಒಂದು ಪಿನ್ನು ಕಳೆದಿಲ್ಲ. ಒಂದೂ ಇಲ್ಲ." ಇದನ್ನು ವರ್ಷಕ್ಕೊಂದು ಸಲವಾದರೂ ಹೇಳದೆ ಅವರು ನಮ್ಮ ಮನೆ ಬಿಟ್ಟದ್ದಿಲ್ಲ. ಈ ಮಾತು ಬರೀ ಜಂಬವಲ್ಲ, ಅವರ ಅನ್ನ. ಸಾಬ್ರಿಗೂ ಮುಂಚೆ ನಮ್ಮ ಮನೆಗೆ ಬರುತ್ತಿದ್ದ ಒಬ್ಬ ಮೆಕ್ಯಾನಿಕ್ಕು ಒಂದು ತಿರುಪು ಕಳೆದಿದ್ದ. ಅಪ್ಪ ಆ ಸುದ್ದಿಯನ್ನು ಸಂತೆಯಲ್ಲಿ, ಬಸ್ಸಿನಲ್ಲಿ, ಬೀಗರ ಮನೆಗಳಲ್ಲಿ ಹೇಳಿದ್ದೇ ಹೇಳಿದ್ದು, ಆ ಪುಣ್ಯಾತ್ಮನಿಗೆ ಆಮೇಲೆ ನಮ್ಮ ಕಡೆಯವರು ಒಂದು ಸೈಕಲ್ ಚೈನನ್ನೂ ಮುಟ್ಟಗೊಡಲಿಲ್ಲ. ಅಪ್ಪನ ಬಾಯಿ ಅಂಥದು.

ಈಗ ನನ್ನ ಘನಂದಾರಿ ಕೆಲಸಕ್ಕೆ ಬರುತ್ತೇನೆ.

ಆ ವರ್ಷ ನನ್ನ ತಂಗಿ ಐದು ತಿಂಗಳ ಬಸುರಿ, ನಾಲ್ಕು ದಿನ ಇದ್ದು ಹೋಗಲು ತವರಿಗೆ ಬಂದಿದ್ದಳು. ಅವಳನ್ನು ಕೊಟ್ಟದ್ದು ಅರಳಗುಪ್ಪೆಗೆ. ಹಬ್ಬಕ್ಕೆ ಸೊಸೆ ಮನೆಯಲ್ಲಿರಬೇಕೆಂದು ಅವಳ ಅತ್ತೆ ಮೈದುನನನ್ನು ಕಳಿಸಿದ್ದರು. ಅವನು ಬಂದದ್ದು ಸರಿಯಾಗಿ ಆಯುಧಪೂಜೆಯ ಹಿಂದಿನ ದಿನ, ಸಾಬ್ರು ರೈಫಲ್ಲನ್ನು ಪೂರ್ತಿ ಬಿಚ್ಚಿ ಪಂಚೆಯ ಮೇಲೆ ಹರಡಿದ್ದ ಹೊತ್ತಿನಲ್ಲಿ. ಮಧ್ಯಾಹ್ನದ ಬಸ್ಸಿಗೇ ಹೊರಡಬೇಕೆಂದ. ಮನೆಯಲ್ಲಿ ಗಡಿಬಿಡಿ ಎದ್ದಿತು.

ಸಾಬ್ರು ಊಟಕ್ಕೆ ಏಳುವಾಗ ಕುದುರೆ ಪಿನ್ನಿನ ಗಿಟುಕನ್ನು ನನ್ನ ಕೈಗೆ ಕೊಟ್ಟು, "ಮೇಷ್ಟ್ರೇ, ಜನ ಓಡಾಡ್ತಾವ್ರೆ. ಇದೊಂದನ್ನ ಯಾರೂ ಮುಟ್ಟದ ಕಡೆ ಇಟ್ಟುಬುಡಿ," ಅಂದರು.

ಯಾರೂ ಮುಟ್ಟದ ಕಡೆ ಯಾವುದು? ಸುಮ್ಮಸುಮ್ಮನೆ ಯಾರೂ ಕೈ ಹಾಕದ ದೇವರ ಗೂಡು. ಭಾರೀ ಬುದ್ಧಿವಂತನಂತೆ ಅಲ್ಲಿಟ್ಟು ಬಂದೆ. ಅವ್ವ ಮಡಿಲಕ್ಕಿಗೆಂದು ಆರಿಸಿದ ಗಿಟುಕುಗಳನ್ನು ಜೋಡಿಸಿಡುವುದೂ ಅದೇ ಗೂಡಿನಲ್ಲಿ ಅನ್ನುವುದು ಲೆಕ್ಕದ ಮೇಷ್ಟ್ರಿಗೆ ಹೊಳೆಯಲಿಲ್ಲ. ಅರ್ಧ ಗಂಟೆ ಕಳೆಯಿತು. ತಂಗಿಯನ್ನು ಮಣೆಯ ಮೇಲೆ ಕೂರಿಸಿ, ಸೆರಗೊಡ್ಡಿಸಿ, ಅಕ್ಕಿ ಬೆಲ್ಲ ಎಲೆ ಅಡಿಕೆ ಹಾಕುತ್ತಿದ್ದ ಅವ್ವ ಕೂಗಿದರು, "ಲೇ, ಗೂಡಲ್ಲಿ ಗಿಟುಕೈತೆ, ಒಂದು ಜೊತೆ ತಗಂಬಾರ್ಲಾ."

ಮೈದುನನ ಜೊತೆ ಬಸ್ಸಿನ ಟೈಮು ಚರ್ಚೆ ಮಾಡುತ್ತಲೇ ಒಳಗೆ ಹೋದೆ, ಕೈಗೆ ಸಿಕ್ಕ ಎರಡು ತಂದೆ, ಅವ್ವನ ಕೈಗೆ ಕೊಟ್ಟೆ. ಅವ್ವ ತಂಗಿಯ ಮಡಿಲಿಗೆ ಹಾಕಿದರು. ತಂಗಿ ಎದ್ದು ಅಪ್ಪನ ಕಾಲಿಗೆ ಬಿದ್ದು, ಕಣ್ಣೊರೆಸಿಕೊಂಡು, ಬಸ್ಸು ಹತ್ತಿ ಹೊರಟೇ ಹೋದಳು. ಬಸ್ಸಿನ ಧೂಳು ಇನ್ನೂ ಇಳಿದಿರಲಿಲ್ಲ, ಸಾಬ್ರು ಕೈ ತೊಳೆದುಕೊಂಡು ಪರದೆಯೊಳಗೆ ಹೋಗುತ್ತ, "ಮೇಷ್ಟ್ರೇ, ಗಿಟುಕು ಕೊಡಿ," ಅಂದರು.

ಗೂಡಿನಲ್ಲಿ ಉಳಿದಿದ್ದ ಮೂರು ಗಿಟುಕುಗಳನ್ನೂ ತಿರುಗಿಸಿ ಮುರುಗಿಸಿ ನೋಡಿದೆ. ಕರೀ ಚುಕ್ಕೆ ಇಲ್ಲ. ಪರದೆಯೊಳಗೆ ತಲೆ ತೂರಿಸಿ ಸಾಬ್ರ ಕಿವಿಯಲ್ಲಿ ವಿಷಯ ಉಸುರಿದೆ.

ಬೈಯುತ್ತಾರೆ ಅಂದುಕೊಂಡಿದ್ದೆ. ಅವರು, "ಅಲ್ರೀ, ಮಗಳಿಗೆ ಸೀರೆ ಕೊಡ್ತಾರೆ, ವಾಲೆ ಕೊಡ್ತಾರೆ. ನೀವು ಬಂದೂಕಿನ ಸಾಮಾನು ಕೊಟ್ಟು ಕಳಿಸಿದ್ರಲ್ಲ!" ಅಂದು ಹೊಟ್ಟೆ ಹಿಡಿದುಕೊಂಡು ಸದ್ದಿಲ್ಲದೆ ನಕ್ಕರು. ನಕ್ಕು ಮುಗಿದ ಮೇಲೆ ಮುಖ ಇಳಿಯಿತು. ಬೆಳಿಗ್ಗೆ ಪೂಜೆ, ಊರ ಹಿರಿಯರೆಲ್ಲ ಬಂದು ನೋಡುವ ರೈಫಲ್ಲು. ಬೇರೆ ಪಿನ್ನು ಕಡೆದು ಹಾಕಬಹುದಲ್ಲ ಅಂದೆ. "ಕುದುರೆ ಪಿನ್ನು ಮೇಷ್ಟ್ರೇ. ಒಂದು ಕೂದಲು ಹೆಚ್ಚುಕಮ್ಮಿ ಆದ್ರೆ ನಿಮ್ಮಪ್ಪ ಕೋತಿಗೆ ಹೊಡೆಯೋಕೆ ಹೋಗಿ ಕಾಲಿಗೆ ಹೊಡ್ಕೋತಾರೆ. ಅದೇ ಬೇಕು."

"ಅಪ್ಪನಿಗೆ ಹೇಳಿಬಿಡ್ತೀನಿ," ಅಂದೆ.

ಸಾಬ್ರು ನನ್ನ ಕೈ ಹಿಡಿದು ಎಳೆದು ಕೂರಿಸಿದರು. "ಹೇಳಿದ್ರೆ ಗೌಡ್ರು ಕೂಗ್ತಾರೆ. ಗೌಡ್ರು ಕೂಗಿದ್ರೆ ಅವ್ವಾರಿಗೆ ಕೇಳ್ತದೆ. ಬಸುರಿ ಹೆಣ್ಣಿನ ಮಡಿಲಿಗೆ ಬಂದೂಕಿನ ಕಬ್ಬಿಣ ಬಿತ್ತು ಅಂತ ಗೊತ್ತಾದ್ರೆ ಆ ತಾಯಿ ನಿದ್ದೆ ಮಾಡ್ತಾರಾ? ಇನ್ನು ಅರಳಗುಪ್ಪೆ ಬೀಗಿತ್ತಿಗೆ ಗೊತ್ತಾದ್ರಂತೂ ನಿಮ್ಮ ತಂಗಿಗೆ ನೆಗಡಿ ಬಂದ್ರೂ ಈ ಪಿನ್ನಿನ ಮೇಲೇ ಹಾಕ್ತಾರೆ. ಸುಮ್ನಿರಿ."

ಎದ್ದವರೇ ಟೋಪಿ ಸರಿ ಮಾಡಿಕೊಂಡು, ಜಗಲಿಯ ಮೇಲೆ ಕೂತಿದ್ದ ಅಪ್ಪನ ಮುಂದೆ ಹೋಗಿ ನಿಂತರು.

"ಗೌಡ್ರೇ, ಒಂದು ಪಿನ್ನು ನನ್ನ ಕೈಯಿಂದ ತಪ್ಪೋಯ್ತು. ಕತ್ಲಾಗೋದ್ರೊಳಗೆ ತಂದು ಹಾಕ್ತೀನಿ."

ಅಪ್ಪ ಎದ್ದು ನಿಂತ ರಭಸಕ್ಕೆ ಎಲೆಯಡಿಕೆ ತಟ್ಟೆ ಉರುಳಿತು. "ಏನಂದ್ರಿ ಸಾಬ್ರೇ? ಮೂವತ್ತು ವರ್ಷದಿಂದ ಒಂದೂ ಇಲ್ಲ ಒಂದೂ ಇಲ್ಲ ಅಂತ ನನ್ನ ತಲೆ ತಿಂದ್ರಿ. ನಂಬಿಕೊಂಡು ಹತ್ತೂರಿಗೆ ನಿಮ್ಮ ಹೆಸರು ಹೇಳ್ದೆ. ನಾಳೆ ಪೂಜೆ ಇಟ್ಕೊಂಡು ಇವತ್ತು ಕಳೆದೆ ಅಂತೀರಲ್ಲ, ಮಾನ ಐತಾ? ನಾಳೆ ಬೆಳಿಗ್ಗೆ ಹೊತ್ತಿಗೆ ಆ ಪಿನ್ನು ಅದರೊಳಗಿಲ್ಲ ಅಂದ್ರೆ ಈ ಜಗಲಿ ಹತ್ತಬೇಡಿ. ನಮ್ಮದಲ್ಲ, ಈ ಕಡೆಯ ಯಾವ ಜಗಲೀನೂ!"

ಸಾಬ್ರು ತಲೆ ತಗ್ಗಿಸಿ ನಿಂತಿದ್ದರು. ನಾನು ಕಂಬ ಹಿಡಿದುಕೊಂಡು ನಿಂತಿದ್ದೆ. ಬಾಯಿ ತೆರೆಯಲಿಲ್ಲ. ಈಗ ಎಷ್ಟು ಕಾರಣ ಕೊಟ್ಟರೂ ಅಷ್ಟೇ, ನಾನು ಅವತ್ತು ಬಾಯಿ ತೆರೆಯಲಿಲ್ಲ.

ಮುಂದಿನ ಬಸ್ಸಿಗೆ ತಿಪಟೂರು, ಅಲ್ಲಿಂದ ಸಾಬ್ರ ಸೈಕಲ್ಲಿನಲ್ಲಿ ಅರಳಗುಪ್ಪೆ. ನಾನು ತುಳಿದೆ, ಅವರು ಹಿಂದೆ ಪೆಟ್ಟಿಗೆ ತೊಡೆಯ ಮೇಲಿಟ್ಟುಕೊಂಡು ಕೂತರು. ದಾರಿಯುದ್ದಕ್ಕೂ ನನ್ನದು ಒಂದೇ ರಾಗ: ಮಡಿಲಿಗೆ ಹಾಕಿದ್ದನ್ನು ವಾಪಸ್ಸು ಕೇಳುವುದುಂಟೇ? ಕೇಳಿದರೆ ಅಪಶಕುನ, ಕೇಳದಿದ್ದರೆ ಪಿನ್ನು ಯಾರ ಹಲ್ಲಿಗೆ ಸಿಗುತ್ತದೋ. ತಂಗಿಗೋ ಬಸುರಿ ಬಯಕೆ, ಕೊಬ್ಬರಿ ಬೆಲ್ಲ ಕಂಡರೆ ಬಿಡುವವಳಲ್ಲ.

"ತುಳೀರಿ ಮೇಷ್ಟ್ರೇ. ಯೋಚನೆ ನಂದು, ಪೆಡಲ್ಲು ನಿಮ್ಮದು," ಅಂದರು ಹಿಂದಿನಿಂದ.

ತಂಗಿಯ ಅತ್ತೆ ಬಾಗಿಲಲ್ಲೇ ಸಿಕ್ಕರು. ದೊಡ್ಡ ಮನೆ, ದೊಡ್ಡ ಅಟ್ಟ, ದೊಡ್ಡ ಬಾಯಿ. ಮಧ್ಯಾಹ್ನ ಕಳಿಸಿದ ಹುಡುಗಿಯ ಹಿಂದೆಯೇ ಅಣ್ಣ ಬಂದಿದ್ದಾನೆಂದರೆ ಅವರಿಗೆ ಅನುಮಾನ ಬಾರದಿರುತ್ತದೆಯೇ? ಸಾಬ್ರು ನಾನು ಬಾಯಿ ಬಿಡುವುದರೊಳಗೆ ಮುಂದೆ ಹೋಗಿ ಕೈ ಮುಗಿದರು.

"ನಾಳೆ ಆಯುಧಪೂಜೆ ಅಲ್ವಾ ಅವ್ವಾ, ಮದುವೇಲಿ ಕೊಟ್ಟ ಹೊಲಿಗೆ ಮಿಷನ್ನು ಇಲ್ಲೇ ಐತಲ್ಲ, ಪೂಜೆಗೆ ಮುಂಚೆ ಎಣ್ಣೆ ಬಿಟ್ಟು ಹೋಗಾನ ಅಂತ ಮೇಷ್ಟ್ರನ್ನ ಎಳ್ಕೊಂಡ್ ಬಂದೆ. ನಾನು ಜೋಡಿಸಿದ ಮಿಷನ್ನು, ನೋಡ್ಕೊಳ್ಳೋದು ನನ್ನ ಧರ್ಮ."

ಪುಕ್ಕಟೆ ಅಂದ ಮೇಲೆ ಬೀಗಿತ್ತಿಯ ಮುಖ ಅರಳಿತು. ನಡುಮನೆಗೆ ಮಿಷನ್ನು ಬಂತು, ತಂಗಿ ಬಂದು ಪಕ್ಕದಲ್ಲಿ ಕೂತಳು. ಸಾಬ್ರು ಪೆಟ್ಟಿಗೆ ತೆರೆದು, ಮಿಷನ್ನಿನ ಮೂತಿ ಬಿಚ್ಚಿ, "ಒಂದು ಕೊಬ್ಬರಿ ಗಿಟುಕು ಕೊಡ್ರವ್ವ, ಪಿನ್ನು ಚುಚ್ಚಿಡಕ್ಕೆ," ಅಂದರು.

ಆಗ ನನಗೆ ಅವರ ಯೋಚನೆ ತಿಳಿಯಿತು. ಆದರೆ ತೆಂಗಿನ ತೋಟದವರ ಮನೆಯಲ್ಲಿ ಗಿಟುಕಿಗೇನು ಬರ? ಬೀಗಿತ್ತಿ ಅಡಿಗೆಮನೆಯಿಂದ ಒಂದು ತಂದರು. ಸಾಬ್ರು ಮೂಸಿ ನೋಡಿ, "ಕೌಟು ಹಿಡಿದೈತೆ," ಅಂದರು.

"ನಮ್ಮ ಮನೆ ಕೊಬ್ಬರಿ ಕೌಟಾ?" ಅಂತ ಅವರು ಕಣ್ಣು ಬಿಟ್ಟು ಇನ್ನೊಂದು ತಂದರು. ಅದು ತೆಳುವು, ಪಿನ್ನು ಆಚೆ ಬರುತ್ತದೆ. ಮೂರನೆಯದು ಹಸಿ, ನೀರಿನಂಶ ಐತೆ, ತುಕ್ಕು ಹಿಡಿಯುತ್ತದೆ. ನಾಲ್ಕನೆಯದು ಅತೀ ಒಣಗಿ ಸೀಳು ಬಿಟ್ಟಿದೆ.

"ಏನ್ ಸಾಬ್ರೇ, ಗಿಟುಕು ನೋಡ್ತಿದೀರೋ ಗಂಡಿಗೆ ಹೆಣ್ಣು ನೋಡ್ತಿದೀರೋ? ಅಟ್ಟ ಹತ್ತಿ ತರ್ಲಾ? ಇನ್ನೂ ಒಂದು ಲಾರಿ ಐತೆ!"

ಒಂದು ಲಾರಿ ಅಂದದ್ದು ಕೇಳಿ ನಾನು ಎದ್ದು ನಿಂತುಬಿಟ್ಟೆ. ಸಾಬ್ರು ಮಾತ್ರ ಗಡ್ಡ ನೀವಿಕೊಳ್ಳುತ್ತ, "ಏನ್ ಮಾಡೋದವ್ವಾ, ನನ್ನ ಕೈಗೆ ಬಿಳಿಗೆರೆ ಕಡೆ ಕೊಬ್ಬರಿ ಒಗ್ಗೋಗೈತೆ," ಅಂದು ನಿಟ್ಟುಸಿರು ಬಿಟ್ಟರು.

"ಅವ್ವ ಮಡಿಲಿಗೆ ಹಾಕಿದ್ದು ಐತಲ್ಲ ಅತ್ತೆ," ಅಂದಳು ತಂಗಿ.

"ಅಯ್ಯೋ ಬುಡ್ತು ಅನ್ನು! ಮಡಿಲಿಗೆ ಬಂದಿದ್ದನ್ನ ಯಾರಾದ್ರೂ ಕೈಯೆತ್ತಿ ಕೊಡ್ತಾರೇನೇ?"

"ಕೊಡೋದು ಬ್ಯಾಡವೇ ಬ್ಯಾಡ," ಅಂದರು ಸಾಬ್ರು, ಸೂಜಿಗೆ ದಾರ ಪೋಣಿಸುವಷ್ಟು ಸಲೀಸಾಗಿ. "ತಾಯಿ ಅದನ್ನ ತನ್ನ ಮಡಿಲಲ್ಲೇ ಇಟ್ಕೊಂಡು ಕೂತಿರ್ಲಿ. ನಾನು ಪಿನ್ನು ಚುಚ್ಚೋದು, ತೆಗೆಯೋದು ಅಷ್ಟೆ. ಗಿಟುಕು ಅವಳ ಮಡಿಲು ಬಿಟ್ಟು ಒಂದು ಗೇಣೂ ಆಚೆ ಬರಲ್ಲ."

ಬೀಗಿತ್ತಿ ಹ್ಞೂಂ ಅಂದರು. ತಂಗಿ ಒಳಗೆ ಹೋಗಿ ಎರಡು ಗಿಟುಕುಗಳನ್ನೂ ಸೆರಗಿನಲ್ಲಿ ತಂದು ಕೂತಳು. ನಾನು ಮೂರು ಮೊಳ ದೂರದಿಂದಲೇ ಕಂಡೆ, ಒಂದರ ಅಂಚಿನಲ್ಲಿ ಸಾಸಿವೆಯಷ್ಟು ಕರೀ ಚುಕ್ಕೆ. ದೇವರೇ, ಆ ಚುಕ್ಕೆಯನ್ನು ಕಂಡಷ್ಟು ಸಂತೋಷ ನನಗೆ ಕೆಲಸದ ಆರ್ಡರು ಬಂದಾಗಲೂ ಆ‌ಗಿರಲಿಲ್ಲ. ಸಾಬ್ರು ಅದರತ್ತ ನೋಡಲೂ ಇಲ್ಲ. ಮಿಷನ್ನಿನಿಂದ ಒಂದೊಂದಾಗಿ ಮೂರು ಪಿನ್ನು ತೆಗೆದು ಚುಕ್ಕೆಯ ಪಕ್ಕದಲ್ಲಿ ಚುಚ್ಚಿದರು. ಎಣ್ಣೆ ಬಿಟ್ಟರು, ಒರೆಸಿದರು, ಬೀಗಿತ್ತಿಯ ಮೊಮ್ಮಕ್ಕಳ ಸುದ್ದಿ ಕೇಳಿದರು. ಆಮೇಲೆ ಚಿಮಟದಿಂದ ಒಂದೊಂದಾಗಿ ಕಿತ್ತು ವಾಪಸ್ಸು ಹಾಕಿದರು. ಕೊನೆಯದು ಮಿಷನ್ನಿಗೆ ಹೋಗಲಿಲ್ಲ, ಟೋಪಿಯ ಮಡಿಕೆಯೊಳಗೆ ಹೋಯಿತು.

ಬಾಗಿಲ ತನಕ ಬಂದ ತಂಗಿ ನನ್ನ ತೋಳು ಚಿವುಟಿ, "ಅಣ್ಣಾ, ಚುಚ್ಚಿದ್ದು ಮೂರು, ಕಿತ್ತಿದ್ದು ನಾಕು. ನಾನೂ ಲೆಕ್ಕದ ಮೇಷ್ಟ್ರ ತಂಗಿ ಕಣೋ," ಅಂದಳು. ನಾನು ಕಣ್ಣಲ್ಲೇ ಬೇಡಿಕೊಂಡೆ. "ಹೋಗು, ಏನೂ ಕೇಳಲ್ಲ," ಅಂತ ನಕ್ಕು ಒಳಗೆ ಹೋದಳು.

ದೀಪ ಹಚ್ಚುವ ಹೊತ್ತಿಗೆ ನಮ್ಮೂರು ಸೇರಿದೆವು. ಪರದೆಯ ಹೊರಗೆ ಅಪ್ಪ ಲಾಟೀನು ಹಿಡಿದು ನಿಂತರು, ಮುಖ ಇನ್ನೂ ಬಿಗಿದೇ ಇತ್ತು. ಸಾಬ್ರು ಟೋಪಿಯೊಳಗಿಂದ ಪಿನ್ನು ತೆಗೆದು, ಅದರ ತುದಿಗೆ ಒಂಚೂರು ಗ್ರೀಸು ಹಚ್ಚಿ, "ಬಿಸ್ಮಿಲ್ಲಾ" ಅಂದು, ಉಸಿರು ಹಿಡಿದು ತೂತಿನ ಬಾಯಿಗೆ ಇಟ್ಟರು. ಮೂರೇ ಏಟು, ಅದೂ ಬೆರಳಿನಲ್ಲಿ ಬಾಗಿಲು ತಟ್ಟಿದಷ್ಟು ಹಗುರ. ಕುದುರೆ ಎಳೆದು ನೋಡಿದರು. ಟಕ್ ಅಂದಿತು.

"ಎಲ್ಲಿತ್ತು?" ಅಂದರು ಅಪ್ಪ.

"ಕೊಬ್ಬರೀಲೇ ಇತ್ತು ಗೌಡ್ರೇ."

"ವಯಸ್ಸಾಯ್ತು ನಿಮಗೆ ಸಾಬ್ರೇ."

"ಆಯ್ತು ಗೌಡ್ರೇ," ಅಂದು ಸಾಬ್ರು ಪೆಟ್ಟಿಗೆ ಮುಚ್ಚಿದರು. ಮಾರನೇ ದಿನ ಪೂಜೆಗೆ ಬಂದವರಿಗೆಲ್ಲ ಅಪ್ಪ ಚರುಪಿನ ಜೊತೆ ಆ ಸುದ್ದಿಯನ್ನೂ ಹಂಚಿದರು: ನಮ್ಮ ಸಾಬ್ರೂ ಒಂದು ಪಿನ್ನು ಕಳೆದಿದ್ರು ಕಣ್ರಪ್ಪ, ನಾನು ಗದರಿಸಿದ್ಮೇಲೆ ಹುಡುಕಿ ತಂದ್ರು.

ಕೆಲಸವೇನೋ ತಪ್ಪಲಿಲ್ಲ, ಬರುತ್ತಲೇ ಇದ್ದರು. ಆದರೆ ಅವರ ಮಾತು ಬದಲಾಯಿತು. "ಒಂದೂ ಇಲ್ಲ" ಅನ್ನುತ್ತಿದ್ದವರು ಅಂದಿನಿಂದ "ಜೀವಮಾನದಲ್ಲಿ ಒಂದೇ ಒಂದು ಪಿನ್ನು ಕಳೆದಿದೀನಿ, ಬಿಳಿಗೆರೆ ಗೌಡ್ರ ಮನೇಲಿ" ಅಂತ ಹೇಳತೊಡಗಿದರು. ಹೇಳಿ ನಗುವರು. ನಾನು ಇದ್ದರಂತೂ ಇನ್ನೂ ಜೋರಾಗಿ ನಗುವರು. ಒಮ್ಮೆ ಬಸ್‌ಸ್ಟ್ಯಾಂಡಿನಲ್ಲಿ ಸಿಕ್ಕಾಗ ಕೈ ಹಿಡಿದುಕೊಂಡು ಕೇಳಿಯೇಬಿಟ್ಟೆ, "ಯಾಕೆ ಸಾಬ್ರೇ ಹಂಗೆ ಹೇಳ್ಕೊಂಡು ತಿರುಗ್ತೀರಿ? ನನಗೆ ಮುಖ ಎತ್ತಕ್ಕಾಗಲ್ಲ."

"ಮೇಷ್ಟ್ರೇ, ಒಂದೂ ಇಲ್ಲ ಅಂದಾಗ ಅರ್ಧ ಜನ ನಂಬ್ತಿರಲಿಲ್ಲ, ಸಾಬ್ರು ಪುಂಗಿ ಊದ್ತಾರೆ ಅಂತಿದ್ರು. ಒಂದು ಅಂದ್ಮೇಲೆ ಎಲ್ಲಾರೂ ನಂಬ್ತಾರೆ. ನೀವು ನಂಗೆ ಉಪಕಾರ ಮಾಡಿದೀರಿ, ಹೋಗಿ, ಬಸ್ಸು ಬಂತು."

ಅದು ನನ್ನನ್ನು ಸಮಾಧಾನ ಮಾಡಲು ಹೇಳಿದ್ದು. ನನಗೆ ಗೊತ್ತಿತ್ತು, ಆದರೂ ಸಮಾಧಾನ ಮಾಡಿಕೊಂಡು ಬಸ್ಸು ಹತ್ತಿದೆ. ತಂಗಿಗೆ ದಷ್ಟಪುಷ್ಟವಾದ ಹೆಣ್ಣುಮಗು ಹುಟ್ಟಿತು, ಬೆಳೆಯಿತು, ಹೈಸ್ಕೂಲು ಸೇರಿತು. ತಂಗಿಯ ಅತ್ತೆ ತೀರಿಕೊಂಡು ಎಷ್ಟೋ ವರ್ಷವಾಗಿತ್ತು. ಬಾಯಿ ಮುಚ್ಚಿಕೊಂಡಿರಲು ಇದ್ದ ಕಾರಣಗಳೆಲ್ಲ ಒಂದೊಂದಾಗಿ ಹೋಗಿದ್ದವು. ಉಳಿದದ್ದು ನನ್ನ ಪುಕ್ಕಲುತನ ಒಂದೇ.

ಎಂಬತ್ತರ ದಶಕದ ಕೊನೆಯಲ್ಲಿ ಒಂದು ಬೆಳಿಗ್ಗೆ ಸಾಬ್ರು ಹೋದರಂತೆ ಅಂತ ಸುದ್ದಿ ಬಂತು. ಅಪ್ಪ ಕೋಲೂರಿಕೊಂಡು, "ನಾನೂ ಬತ್ತೀನಿ," ಅಂತ ಹೊರಟರು. ಸಾಬ್ರ ಮನೆಯ ಮುಂದೆ ಬೀದಿಯಲ್ಲಿ ಬೆಂಚು ಹಾಕಿದ್ದರು. ಕೊಬ್ಬರಿ ಮಂಡಿಯವರು, ದರ್ಜಿಗಳು, ಹಳ್ಳಿಯ ಗೌಡರು ಎಲ್ಲ ಕೂತಿದ್ದರು. ಇಂಥ ಕಡೆ ಆಗುವಂತೆ ಮೊದಲು ಅಳು, ಆಮೇಲೆ ಮೌನ, ಆಮೇಲೆ ಮೆಲ್ಲಗೆ ಹೋದವರ ತಮಾಷೆಗಳು. ರಾಗಿ ವಾಡೆಯ ಕತೆ ಬಂತು, ಸೊಳ್ಳೆಪರದೆಯ ಕತೆ ಬಂತು. ಪಕ್ಕದ ಅಂಗಡಿಯ ದರ್ಜಿ, "ಇಡೀ ಜನ್ಮದಲ್ಲಿ ಒಂದೇ ಒಂದು ಪಿನ್ನು ಕಳೆದಿದ್ದು ನೋಡಿ," ಅಂದ.

"ಅದೂ ನಮ್ಮ ಮನೇಲೇ," ಅಂದರು ಅಪ್ಪ.

ನಾನು ಎದ್ದು ನಿಂತೆ. "ಅದನ್ನ ಕಳೆದೋನು ನಾನು ಅಪ್ಪ. ಸಾಬ್ರಲ್ಲ," ಅಂದೆ. ದೇವರ ಗೂಡಿನಿಂದ ಹಿಡಿದು ಟೋಪಿಯ ಮಡಿಕೆಯವರೆಗೆ ಎಲ್ಲವನ್ನೂ ನಿಂತ ಹಾಗೇ ಹೇಳಿ ಮುಗಿಸಿದೆ.

ಅಪ್ಪ ಕೋಲನ್ನು ಬೆಂಚಿಗೆ ಒರಗಿಸಿ ನನ್ನ ಕಡೆ ತಿರುಗಿದರು. "ಲೇ, ಅವತ್ತು ನಾನು ಅವರಿಗೆ ಮಾನ ಐತಾ ಅಂದ್ನಲ್ಲೋ," ಅಂದರು. "ಅವರಿದ್ದಾಗ ಬಾಯಿ ಬಿಟ್ಟಿದ್ರೆ ಒಂದು ಮಾತು ತಪ್ಪಾಯ್ತು ಅಂತಿದ್ನಲ್ಲೋ." ನಾನು ಅತ್ತುಬಿಟ್ಟೆ.

ಒಳಬಾಗಿಲ ಪರದೆಯ ಹಿಂದಿನಿಂದ ಸಾಬ್ರ ಹೆಂಡತಿಯ ದನಿ ಬಂತು. ಅತ್ತೂ ಅತ್ತೂ ಒಡೆದ ದನಿ.

"ಗೌಡ್ರೇ, ನಂಗೆ ಅವತ್ತೇ ಗೊತ್ತಿತ್ತು. ಮನೆಗೆ ಬಂದು ನಕ್ಕಿದ್ದೇ ನಕ್ಕಿದ್ದು, ಬಸುರಿ ಮಗಳ ಮಡಿಲಿಂದ ಕಿತ್ಕೊಂಡ್ ಬಂದೆ ಕಣೇ ಅಂತ. ನಿಮ್ಮ ಬೈಗುಳ ಅವರಿಗೆ ಜ್ಞಾಪಕಾನೇ ಇರಲಿಲ್ಲ. ಬೀಗಿತ್ತಿ ನಾಕು ಗಿಟುಕು ತಂದಿದ್ದು ಮಾತ್ರ ಸಾಯೋ ತನಕ ಹೇಳ್ತಿದ್ರು."

ಬೆಂಚಿನ ಮೇಲಿದ್ದ ಯಾರೋ ನಕ್ಕರು. ಅವರ ಹಿಂದೆ ಇನ್ನೊಬ್ಬರು. ಸಾವಿನ ಮನೆ ಅನ್ನುವುದನ್ನೂ ಮರೆತು ಇಡೀ ಬೀದಿ ನಕ್ಕಿತು. ಅಪ್ಪ ಮಾತ್ರ ನಗದೆ ಕೋಲೂರಿ ಎದ್ದು ನಿಂತು, ದರ್ಜಿಯ ಕಡೆ ತಿರುಗಿ, ಹಿಂದೆ ಸಂತೆಯಲ್ಲಿ ಸುದ್ದಿ ಸಾರುತ್ತಿದ್ದ ಅದೇ ದೊಡ್ಡ ಗಂಟಲಿನಲ್ಲಿ ಹೇಳಿದರು:

"ಒಂದೂ ಇಲ್ಲ ಕಣಪ್ಪ. ಆ ಕೈಯಿಂದ ಒಂದು ಪಿನ್ನೂ ಕಳೆದಿಲ್ಲ. ಎಲ್ಲಾರಿಗೂ ಹೇಳು."